ನಿರ್ದೇಶಕನ ಹೆಸರನ್ನು ನುಂಗಿದ್ದೇಕೆ ಸ್ವಾಮಿ?

ನಿನ್ನೆ ಸಂಜೆ ಒಂದು ಹಳೆಯ ಚಿತ್ರದ ಪ್ರದರ್ಶನಕ್ಕೆ ಹೋಗಿದ್ದೆ. (ಇನ್ನೆಲ್ಲಿಗೆ ಹೋಗುತ್ತೇನೆ, ನಿಮಗೆ ಗೊತ್ತೇ ಇದೆಯಲ್ಲ.) 1936ರ ಹಿಂದಿ ಚಿತ್ರ ‘ಅಚ್ಛೂತ್ ಕನ್ಯಾ’, ಅಸ್ಪೃಶ್ಯ ಹುಡುಗಿಯೊಬ್ಬಳ ಕಥೆ. ಮೊದಲು ಮಹನೀಯರೊಬ್ಬರು ಅರ್ಧ ಗಂಟೆ ಮಾತನಾಡಿದರು. ನಾಯಕಿ ದೇವಿಕಾ ರಾಣಿಯ ಚೆಲುವು, ನಾಯಕ ಅಶೋಕ್ ಕುಮಾರರ ಮುಗ್ಧತೆ, ಬಾಂಬೆ ಟಾಕೀಸ್ ಸ್ಟುಡಿಯೋ ಕಟ್ಟಿದ ಹಿಮಾಂಶು ರಾಯ್ ಸಾಹಸ, ಕೊನೆಗೆ ದೇವಿಕಾ ರಾಣಿ ನಮ್ಮ ಬೆಂಗಳೂರಿನ ಬಳಿಯ ತಾತಗುಣಿಯ ತೋಟದವರು ಎಂಬ ಹೆಮ್ಮೆ, ಎಲ್ಲವೂ ಬಂತು. ಚಿತ್ರ ನಿರ್ದೇಶಿಸಿದವನ ಹೆಸರು ಮಾತ್ರ ಬರಲಿಲ್ಲ.

ಫ್ರಾಂಜ್ ಓಸ್ಟೆನ್. ಅಷ್ಟೇ. ಉಚ್ಚರಿಸಲು ನಾಲಿಗೆಗೆ ಅಂಥ ಕಷ್ಟವೇನೂ ಇಲ್ಲ.

1876ರಲ್ಲಿ ಮ್ಯೂನಿಕ್‌ನಲ್ಲಿ ಹುಟ್ಟಿದವನು, ನಿಜವಾದ ಮನೆಹೆಸರು ಓಸ್ಟರ್‌ಮೈರ್. ತಮ್ಮ ಪೀಟರ್ ಅಲ್ಲಿನ ಚಿತ್ರೋದ್ಯಮದ ದೊಡ್ಡ ಕುಳ. ಇವನು 1925ರಲ್ಲಿ ಹಿಮಾಂಶು ರಾಯ್ ಜೊತೆ ಭಾರತಕ್ಕೆ ಬಂದು ಬುದ್ಧನ ಕಥೆಯ ‘ಪ್ರೇಮ್ ಸನ್ಯಾಸ್’ ತೆಗೆದ. ಸ್ಟುಡಿಯೋ ಇಲ್ಲ, ಸೆಟ್ ಇಲ್ಲ. ಜೈಪುರದ ಮಹಾರಾಜರ ಕೃಪೆಯಿಂದ ಆನೆ, ಅರಮನೆ, ಆಡಂಬರವೆಲ್ಲ ಅಸಲಿ. ಆಮೇಲೆ ತಾಜಮಹಲಿನ ಕಥೆಯ ‘ಶಿರಾಜ್’, ಮಹಾಭಾರತದ ದ್ಯೂತದ ನೆರಳಿರುವ ‘ಪ್ರಪಂಚ ಪಾಶ’. ಮೂರೂ ಮೂಕಿ ಚಿತ್ರಗಳು. ‘ಶಿರಾಜ್’ ಅನ್ನು ಬ್ರಿಟನ್ನಿನವರು ಜೀರ್ಣೋದ್ಧಾರ ಮಾಡಿ, ಅನುಷ್ಕಾ ಶಂಕರ್ ಅವರಿಂದ ಹೊಸ ಸಂಗೀತ ಹಾಕಿಸಿ 2017ರಲ್ಲಿ ತೋರಿಸಿದರು. ನಾವು ಇಲ್ಲಿ ಹೆಸರನ್ನೂ ಹೇಳುವುದಿಲ್ಲ.

ಚಹಾದ ಹೊತ್ತಿಗೆ ನಾನು ಕೇಳಿಯೇಬಿಟ್ಟೆ. ‘ಅವನಿಗೆ ಹಿಂದಿಯೇ ಬರುತ್ತಿರಲಿಲ್ಲ ಬಿಡಿ, ಎಲ್ಲ ರಾಯ್ ಅವರದೇ’ ಎಂಬ ಉತ್ತರ ಬಂತು. ಹಿಂದಿ ಬರುತ್ತಿರಲಿಲ್ಲ, ನಿಜ. ಕಥೆ ನಿರಂಜನ್ ಪಾಲ್ ಅವರದು, ಅದೂ ನಿಜ. ಆದರೆ ರೈಲ್ವೆ ಗೇಟಿನಲ್ಲಿ ಬಡಿದಾಟ ನಡೆಯುತ್ತಿರುವಾಗ ರೈಲು ನುಗ್ಗಿ ಬರುವ, ದೇವಿಕಾ ರಾಣಿಯ ಪಾತ್ರ ಕಸ್ತೂರಿ ಅದಕ್ಕೆ ಎದುರಾಗಿ ಓಡುವ ಆ ಕೊನೆಯ ದೃಶ್ಯಕ್ಕೆ ಯಾವ ವ್ಯಾಕರಣ ಬೇಕಿತ್ತು? ಮೂಕಿ ಕಾಲದಲ್ಲಿ ಪಳಗಿದ ಕಣ್ಣು ಅದು. (ಕಣ್ಣು ಎಲ್ಲ ಕಡೆಯೂ ಚುರುಕಾಗಿತ್ತು ಎನ್ನಲಾರೆ. ಆಗ ಸ್ಟುಡಿಯೋದ ಲ್ಯಾಬೊರೇಟರಿಯಲ್ಲಿ ಕೆಲಸಕ್ಕಿದ್ದ ಅಶೋಕ್ ಕುಮಾರರ ದವಡೆ ನೋಡಿ ‘ಇವನು ನಟನಾಗಲಾರ’ ಎಂದಿದ್ದನೆಂಬ ಕಥೆ ಪ್ರಸಿದ್ಧ. ಹಳ್ಳಿಯ ಹುಡುಗಿಗೆ ಅಷ್ಟು ತಿದ್ದಿದ ಹುಬ್ಬೂ ಬೇಕಿರಲಿಲ್ಲ.)

ಇನ್ನೊಬ್ಬರು ದನಿ ತಗ್ಗಿಸಿ ‘ಅವನು ನಾಜಿ ಅಲ್ಲವೇ, ಯಾಕೆ ಆ ಹೆಸರು’ ಎಂದರು. ಹೌದು, ಸ್ವಾಮಿ. 1936ರಲ್ಲಿ ನಾಜಿ ಪಕ್ಷದ ಸದಸ್ಯನಾದ. ಅಸ್ಪೃಶ್ಯತೆಯ ಕ್ರೌರ್ಯವನ್ನು ತೆರೆಯ ಮೇಲೆ ತಂದ ವರ್ಷವೇ! ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಬಂದಿರಲಿಲ್ಲ. ಇಷ್ಟಪಟ್ಟ ಚಿತ್ರವನ್ನು ಏನು ಮಾಡಬೇಕೆಂದು ಈಗಲೂ ತಿಳಿದಿಲ್ಲ. ಇಷ್ಟಪಡುವುದನ್ನು ನಿಲ್ಲಿಸಲು ಆಗಿಲ್ಲ. ಆದರೆ ಹೆಸರು ಹೇಳದಿದ್ದರೆ ಈ ಕಸಿವಿಸಿಯೂ ಇಲ್ಲ, ಲೆಕ್ಕವೂ ಇಲ್ಲ. ಅವನನ್ನು ಹೊಗಳಿ ಎಂದು ಯಾರು ಕೇಳಿದರು? ಬೈಯುವುದಕ್ಕಾದರೂ ಹೆಸರು ಬೇಡವೇ?

1939ರಲ್ಲಿ ಯುದ್ಧ ಶುರುವಾದಾಗ ಅವನು ‘ಕಂಗನ್’ ತೆಗೆಯುತ್ತಿದ್ದ. ಬ್ರಿಟಿಷರು ಹಿಡಿದು ಬಂಧನದಲ್ಲಿಟ್ಟರು. ಆಮೇಲೆ ಜರ್ಮನಿಗೆ ಮರಳಿದವನು ಇತ್ತ ಬರಲಿಲ್ಲ; 1956ರಲ್ಲಿ ತೀರಿಕೊಂಡ. ಜೊತೆಗಿದ್ದ ಛಾಯಾಗ್ರಾಹಕ ಯೋಸೆಫ್ ವಿರ್ಶಿಂಗ್ ಕೂಡ ಯುದ್ಧಕಾಲದಲ್ಲಿ ಬಂಧನ ಅನುಭವಿಸಿದವನೇ. ಅವನು ಇಲ್ಲಿಯೇ ಉಳಿದು ‘ಮಹಲ್’ ಚಿತ್ರೀಕರಿಸಿದ, ‘ಪಾಕೀಜಾ’ಕ್ಕೂ ಕ್ಯಾಮೆರಾ ಹಿಡಿದ. ‘ಪಾಕೀಜಾ’ ನೋಡಿ ಕಣ್ಣೀರಿಡುವವರನ್ನು ಛಾಯಾಗ್ರಾಹಕ ಯಾರೆಂದು ಒಮ್ಮೆ ಕೇಳಿ ನೋಡಿ. ಬೇಡ, ಆ ಜಗಳ ಇವತ್ತೇ ಬೇಡ. ರಕ್ತದೊತ್ತಡದ ಮಾತ್ರೆ ಈಗ ತಾನೇ ನುಂಗಿದ್ದೇನೆ.