ಕಂತು ಎಷ್ಟು ಅಂತ ಕೇಳ್ತೀರಿ, ಎಷ್ಟು ವರ್ಷ ಅಂತ ಯಾಕೆ ಕೇಳೋದಿಲ್ಲ?

ನಮ್ಮ ಕಲಬುರಗಿಯಲ್ಲಿ ಯಾರ ಮನೆಯ ವಾಸ್ತುಶಾಂತಿಗೆ ಹೋದರೂ ಊಟದ ಹೊತ್ತಿಗೆ ಒಂದು ಪ್ರಶ್ನೆ ಬಂದೇ ಬರುತ್ತದೆ. "ಎಷ್ಟ ಆತ್ರೀ ಮನಿಗಿ?" ಮನೆಯವರು ಪ್ಲಾಟಿಗೆ ಇಷ್ಟು, ಕಟ್ಟಲಿಕ್ಕೆ ಇಷ್ಟು, ಬೋರಿಗೆ ಇಷ್ಟು, ಫರ್ನಿಚರಿಗೆ ಇಷ್ಟು ಎಂದು ಲೆಕ್ಕ ಒಪ್ಪಿಸುತ್ತಾರೆ. ಶಹಾಬಾದ್ ಪರಸಿ ಹಾಕಿಸಿದೆವೋ ಟೈಲ್ಸ್ ಹಾಕಿಸಿದೆವೋ ಅನ್ನುವುದರ ತನಕ ಲೆಕ್ಕ ಪಕ್ಕಾ ಇರುತ್ತದೆ. ಬ್ಯಾಂಕಿಗೆ ಕೊಡಲಿರುವ ಬಡ್ಡಿಯನ್ನು ಮಾತ್ರ ಒಬ್ಬರೂ ಅದಕ್ಕೆ ಕೂಡಿಸುವುದಿಲ್ಲ. ಎಷ್ಟೋ ಮನೆಗಳಲ್ಲಿ ಪ್ಲಾಟು, ಸಿಮೆಂಟು, ಕಬ್ಬಿಣ ಯಾವುದಕ್ಕಿಂತಲೂ ದೊಡ್ಡ ಖರ್ಚು ಆ ಬಡ್ಡಿಯೇ.

ನಾನು ಹೈಸ್ಕೂಲಿನಲ್ಲಿ ಗಣಿತ ಕಲಿಸುವವಳು. ಚಕ್ರಬಡ್ಡಿಯ ಪಾಠ ಮಾಡುವಾಗ ಪುಸ್ತಕದಲ್ಲಿ ಹತ್ತು ಸಾವಿರ ರೂಪಾಯಿ, ಎರಡು ವರ್ಷ ಎಂದಿರುತ್ತದೆ. ಮಕ್ಕಳ ಮನೆಯಲ್ಲಿರುವುದು ಮೂವತ್ತು ಲಕ್ಷ, ಇಪ್ಪತ್ತು ವರ್ಷ. ಹಾಗಾಗಿ ಅದೇ ಲೆಕ್ಕವನ್ನು ಇಲ್ಲಿ ಮಾಡುತ್ತೇನೆ.

30 ಲಕ್ಷ ಸಾಲ, ಶೇ. 9 ಬಡ್ಡಿ, 20 ವರ್ಷ. ತಿಂಗಳ ಕಂತು 26,992 ರೂಪಾಯಿ. ದರ ಬದಲಾಗದೆ ಹಾಗೇ ಉಳಿದರೆ ಒಟ್ಟು ಕಟ್ಟುವುದು 64.78 ಲಕ್ಷ, ಅದರಲ್ಲಿ ಬಡ್ಡಿಯೇ 34.78 ಲಕ್ಷ. ಮೊದಲ ತಿಂಗಳ ಕಂತಿನಲ್ಲಿ 22,500 ಬಡ್ಡಿಗೆ ಹೋಗುತ್ತದೆ, ಅಸಲಿಗೆ ಮುಟ್ಟುವುದು 4,492. ಐದು ವರ್ಷ ಒಂದು ಕಂತೂ ತಪ್ಪಿಸದೆ 16 ಲಕ್ಷದ ಮೇಲೆ ಕಟ್ಟಿದ ಮೇಲೂ ಸಾಲ ಇಳಿದಿರುವುದು ಸುಮಾರು 3.39 ಲಕ್ಷ ಮಾತ್ರ. ಸಾಲ ಅರ್ಧಕ್ಕೆ ಬರಬೇಕಾದರೆ ಹದಿನಾಲ್ಕು ವರ್ಷ ಬೇಕು. ಇದರಲ್ಲಿ ಬ್ಯಾಂಕಿನ ಮೋಸ ಏನೂ ಇಲ್ಲ. ಉಳಿದ ಅಸಲಿನ ಮೇಲೆ ಬಡ್ಡಿ ಬೀಳುತ್ತದೆ, ಮೊದಮೊದಲು ಅಸಲು ದೊಡ್ಡದಿರುತ್ತದೆ, ಅಷ್ಟೇ. ಆದರೆ ಸಹಿ ಹಾಕುವ ಮೊದಲು ಯಾರಾದರೂ ಎದುರು ಕೂಡಿಸಿಕೊಂಡು ಇದನ್ನು ಹೇಳಬೇಕಲ್ಲ!

ಯಾಕೆ ಹೇಳುವುದಿಲ್ಲ ಅಂದರೆ ನಾವು ಕೇಳುವ ಪ್ರಶ್ನೆಯೇ ಬೇರೆ. "ಕಂತು ಎಷ್ಟ ಬೀಳ್ತದ ಸರ್?" ಅನ್ನುತ್ತೇವೆ. ಜಾಸ್ತಿ ಅನಿಸಿದರೆ, "ಅವಧಿ ಉದ್ದ ಮಾಡೋಣ ಬಿಡ್ರಿ" ಅನ್ನುತ್ತಾರೆ. ಅದೇ 30 ಲಕ್ಷವನ್ನು 30 ವರ್ಷಕ್ಕೆ ಮಾಡಿದರೆ ಕಂತು 24,139ಕ್ಕೆ ಇಳಿಯುತ್ತದೆ. ತಿಂಗಳಿಗೆ 2,853 ರೂಪಾಯಿ ಉಳಿಯಿತು ಅನ್ನುವ ಸಮಾಧಾನ. ಒಟ್ಟು ಕಟ್ಟುವ ಹಣ ಮಾತ್ರ 86.90 ಲಕ್ಷಕ್ಕೆ ಏರುತ್ತದೆ, ಅಂದರೆ 22 ಲಕ್ಷ ಜಾಸ್ತಿ. ಇದಕ್ಕೆ ತದ್ವಿರುದ್ಧವಾಗಿ 15 ವರ್ಷಕ್ಕೆ ತೆಗೆದುಕೊಂಡರೆ ಕಂತು 30,428, ಒಟ್ಟು 54.77 ಲಕ್ಷ. ತಿಂಗಳಿಗೆ ಮೂರೂವರೆ ಸಾವಿರದಷ್ಟು ಹೆಚ್ಚು ಕಟ್ಟುವ ಶಕ್ತಿ ಇದ್ದವರಿಗೆ ಹತ್ತು ಲಕ್ಷ ಉಳಿಯುತ್ತದೆ. ಆ ಶಕ್ತಿ ಎಲ್ಲರಿಗೂ ಇರುವುದಿಲ್ಲ, ಗೊತ್ತು. ಇದ್ದವರಾದರೂ ತಿಳಿದು ಆರಿಸಿಕೊಳ್ಳಲಿ.

ನನ್ನನ್ನು ಈ ಬರಹಕ್ಕೆ ಕೂಡಿಸಿದ್ದು ನಮ್ಮ ಕಾಕಾನ ಮಗನ ಪಾಸ್‌ಬುಕ್. ಸೇಡಂ ಕಡೆ ಸಿಮೆಂಟ್ ಫ್ಯಾಕ್ಟರಿಯಲ್ಲಿ ಕೆಲಸ. ಬಡ್ಡಿ ಕಡಿಮೆ ಇದ್ದ ಕಾಲದಲ್ಲಿ ಸಾಲ ಮಾಡಿ ರಿಂಗ್ ರೋಡ್ ಆಚೆ ಮನೆ ಕಟ್ಟಿದ. ಆಮೇಲೆ ದರ ಏರತೊಡಗಿದಾಗ ಅವನು ನಿಶ್ಚಿಂತೆಯಿಂದ ಹೇಳಿದ್ದ: "ಅಕ್ಕಾ, ರೇಟ್ ಏರ್ಯಾದಂತ ಎಲ್ಲಾರೂ ಒದರ್ಲತ್ತಾರ, ನಂದು ಕಂತು ಅಷ್ಟೇ ಅದ ನೋಡು." ಸ್ಟೇಟ್‌ಮೆಂಟ್ ತೆಗೆಸಿ ನೋಡಿದರೆ ಕಂತು ಅಷ್ಟೇ ಇತ್ತು, ನಿಜ. ಉಳಿದ ಕಂತುಗಳ ಸಂಖ್ಯೆ ಬೆಳೆದು ಕೊನೆಯ ಕಂತಿನ ತಾರೀಖು ಅವನ ನಿವೃತ್ತಿಯನ್ನು ದಾಟಿ ಹೋಗಿತ್ತು. ಮೊಬೈಲಿಗೆ ಒಂದು ಇಂಗ್ಲಿಷ್ ಮೆಸೇಜ್ ಬಂದಿತ್ತಂತೆ. ಓಟಿಪಿ, ಆಫರ್‌ಗಳ ರಾಶಿಯ ನಡುವೆ ಅದನ್ನು ಯಾರು ಓದುತ್ತಾರೆ?

ಅದು ಹೇಗಾಗುತ್ತದೆ ಎಂದು ತಿಳಿಯಲೇಬೇಕು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಹೊಸದಾಗಿ ಕೊಡುವ ಫ್ಲೋಟಿಂಗ್, ಅಂದರೆ ಏರಿಳಿಯುವ ದರದ ಗೃಹಸಾಲಗಳನ್ನು ಹೊರಗಿನ ಒಂದು ಮಾನದಂಡಕ್ಕೆ ಜೋಡಿಸಬೇಕು, ಬಹುತೇಕ ಕಡೆ ಅದು ರೆಪೊ ದರ, ಅಂದರೆ ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ದರ. 2022ರ ಮೇಯಿಂದ 2023ರ ಫೆಬ್ರವರಿಯೊಳಗೆ ರೆಪೊ ಶೇ. 4ರಿಂದ 6.5ಕ್ಕೆ ಏರಿತು. ಆ ಏರಿಕೆಗೆ ಮೊದಲು 30 ಲಕ್ಷವನ್ನು ಶೇ. 7ರಂತೆ 20 ವರ್ಷಕ್ಕೆ ತೆಗೆದುಕೊಂಡವರ ಕಂತು 23,259. ಒಂದು ವರ್ಷ ಕಟ್ಟಿದ ಮೇಲೆ ಉಳಿದ ಅಸಲು ಸುಮಾರು 29.29 ಲಕ್ಷ. ಲೆಕ್ಕ ಸುಲಭವಾಗಲಿ ಎಂದು ಆ ಎರಡೂವರೆ ಪರ್ಸೆಂಟ್ ಒಮ್ಮೆಗೇ ಏರಿತು ಅಂದುಕೊಳ್ಳಿ. ಶೇ. 9.5ರಂತೆ ತಿಂಗಳ ಬಡ್ಡಿಯೇ 23,185 ಆಗುತ್ತದೆ. ಅದೇ ಕಂತು ಕಟ್ಟುತ್ತ ಹೋದರೆ ಅಸಲಿಗೆ ಬೀಳುವುದು ತಿಂಗಳಿಗೆ 74 ರೂಪಾಯಿ! ಹಾಗೇ ಬಿಟ್ಟರೆ ಸಾಲ ತೀರಲಿಕ್ಕೆ ಅರವತ್ತು ವರ್ಷ. ಅಲ್ಲಿಯವರೆಗೆ ಯಾವ ಬ್ಯಾಂಕೂ ಬಿಡುವುದಿಲ್ಲ, ಕಂತನ್ನೂ ಸ್ವಲ್ಪ ಏರಿಸುತ್ತದೆ, ಅವಧಿಯನ್ನೂ ಹಿಗ್ಗಿಸುತ್ತದೆ. ಆದರೆ ಕಂತು ಏರಲಿಲ್ಲ ಎಂದು ಖುಷಿಪಟ್ಟವರು ಏನು ಕೊಟ್ಟು ಆ ಖುಷಿ ಕೊಂಡರು ಅನ್ನುವುದು ಈ ಲೆಕ್ಕದಲ್ಲಿದೆ.

ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ ಇದಕ್ಕೊಂದು ಸುತ್ತೋಲೆ ಹೊರಡಿಸಿತು. ಬಡ್ಡಿ ಏರಿದಾಗ ಕಂತು ಹೆಚ್ಚಿಸಬೇಕೋ, ಅವಧಿ ಉದ್ದ ಮಾಡಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂದು ಆರಿಸುವ ಅವಕಾಶ ಸಾಲಗಾರನಿಗೆ ಕೊಡಬೇಕು. ಪ್ರತಿ ತ್ರೈಮಾಸಿಕದ ಕೊನೆಗೆ ಇಲ್ಲಿಯವರೆಗೆ ಅಸಲಿಗೆ ಎಷ್ಟು ಹೋಯಿತು, ಬಡ್ಡಿಗೆ ಎಷ್ಟು ಹೋಯಿತು, ಇನ್ನೆಷ್ಟು ಕಂತು ಬಾಕಿ ಎಂದು ತಿಳಿಸುವ ಸ್ಟೇಟ್‌ಮೆಂಟ್ ಸಿಗುವಂತಿರಬೇಕು. ನಾನು ಕೇಳಿದವರಲ್ಲಿ ಹೆಚ್ಚಿನವರು ಆ ಸ್ಟೇಟ್‌ಮೆಂಟನ್ನು ಒಮ್ಮೆಯೂ ತೆರೆದು ನೋಡಿಲ್ಲ. 2025ರಲ್ಲಿ ರೆಪೊ ಮತ್ತೆ ಇಳಿದು ವರ್ಷದ ಕೊನೆಗೆ ಶೇ. 5.25ಕ್ಕೆ ಬಂತು. ಏರುವಾಗ ಉದ್ದವಾದ ನಿಮ್ಮ ಅವಧಿ ಇಳಿಯುವಾಗ ಗಿಡ್ಡವಾಯಿತೇ? ಇವತ್ತೇ ನೋಡಿ. ಹಳೆಯ ಎಂಸಿಎಲ್‌ಆರ್ ಅಥವಾ ಬೇಸ್ ರೇಟ್ (ಬ್ಯಾಂಕ್ ತಾನೇ ನಿಗದಿ ಮಾಡುವ ದರ) ಸಾಲದಲ್ಲಿ ಇದ್ದವರಿಗೆ ಈ ಇಳಿಕೆ ತಡವಾಗಿ, ಅರೆಬರೆಯಾಗಿ ಮುಟ್ಟುತ್ತದೆ. ಅಂಥವರು ರೆಪೊ ಜೋಡಣೆಗೆ ಬದಲಿಸಿಕೊಡಿ ಎಂದು ಶಾಖೆಯಲ್ಲಿ ಅರ್ಜಿ ಕೊಡಬಹುದು. ಒಂದಿಷ್ಟು ಶುಲ್ಕ ಹಿಡಿಯುತ್ತಾರೆ, ಹೆಚ್ಚಿನ ಸಲ ಆ ಖರ್ಚು ಬೇಗ ಮರಳಿ ಬರುತ್ತದೆ.

ಮನೆ ಕಟ್ಟುವ ಹೊತ್ತಿನ ಬಡ್ಡಿಯದು ಇನ್ನೊಂದು ಕಥೆ. ಬುನಾದಿ, ಲಿಂಟಲ್, ಸ್ಲ್ಯಾಬ್, ಗಿಲಾವು ಎಂದು ಹಂತ ಹಂತವಾಗಿ ಹಣ ಬಿಡುಗಡೆಯಾಗುತ್ತದೆ. ಪೂರ್ತಿ ಬಿಡುಗಡೆ ಆಗುವ ತನಕ ಸಾಮಾನ್ಯವಾಗಿ ಬಿಟ್ಟ ಹಣಕ್ಕೆ ಬಡ್ಡಿ ಮಾತ್ರ ಕಟ್ಟಿಸಿಕೊಳ್ಳುತ್ತಾರೆ, ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ನಮ್ಮಲ್ಲಿ ಉಸುಕು ಸಿಗದೆ ಕೆಲಸ ನಿಲ್ಲುತ್ತದೆ, ಬೇಸಿಗೆಯಲ್ಲಿ ಬೋರು ಬತ್ತಿ ಕ್ಯೂರಿಂಗಿಗೆ ನೀರಿಲ್ಲದೆ ನಿಲ್ಲುತ್ತದೆ, ಗೌಂಡಿ ಬೇರೆ ಕೆಲಸ ಹಿಡಿದು ಹೋಗುತ್ತಾನೆ. 20 ಲಕ್ಷ ಬಿಡುಗಡೆಯಾದ ಮೇಲೆ ಆರು ತಿಂಗಳು ಹೀಗೆ ಕಳೆದರೆ 90 ಸಾವಿರ ಬಡ್ಡಿಗೇ ಹೋಯಿತು, ಅದರ ಮೇಲೆ ಬಾಡಿಗೆ ಮನೆಯ ಬಾಡಿಗೆ ಬೇರೆ.

ಸಾಲದ ಜೊತೆ ತಗಲಿಸುವ ವಿಮೆಯ ಬಗ್ಗೆಯೂ ಒಂದು ಮಾತು. ದುಡಿಯುವವರಿಗೆ ಏನಾದರೂ ಆದರೆ ಮನೆ ಉಳಿಯಬೇಕು, ಆದ್ದರಿಂದ ವಿಮೆ ಬೇಕೇ ಬೇಕು. ನನ್ನ ತಕರಾರು ಅದರ ಕಂತನ್ನು ಸಾಲಕ್ಕೇ ಸೇರಿಸುವುದರ ಬಗ್ಗೆ. 1 ಲಕ್ಷದ ಪ್ರೀಮಿಯಂ ಸಾಲದಲ್ಲಿ ಸೇರಿದರೆ ಶೇ. 9ರಂತೆ 20 ವರ್ಷದಲ್ಲಿ ಅದು 2.16 ಲಕ್ಷ ಆಗುತ್ತದೆ. ಬೇರೆಯಾಗಿ ಟರ್ಮ್ ಪಾಲಿಸಿ ಮಾಡಿಸುತ್ತೇನೆ ಎಂದು ಹೇಳುವ ಹಕ್ಕು ನಿಮಗಿದೆ.

ಇದಕ್ಕಿಂತ ಕಷ್ಟದಲ್ಲಿರುವವರು ಕಾಗದಪತ್ರ ಸರಿಯಿಲ್ಲದ ಪ್ಲಾಟಿನವರು ಮತ್ತು ಇದ್ದ ಮನೆಯನ್ನೇ ಅಡವಿಟ್ಟು ಮಗಳ ಮದುವೆಗೋ ಅಂಗಡಿಗೋ ಮಾರ್ಟ್‌ಗೇಜ್ ಲೋನ್ ಎತ್ತುವವರು. ಅವರಲ್ಲಿ ಬಹಳಷ್ಟು ಜನರಿಗೆ ಖಾಸಗಿ ಫೈನಾನ್ಸಿನ ದರವೇ ಗತಿ. 10 ಲಕ್ಷಕ್ಕೆ ಶೇ. 14ರಂತೆ 15 ವರ್ಷ ಅಂದರೆ ವಾಪಸು ಕೊಡುವುದು ಸುಮಾರು 24 ಲಕ್ಷ. ಇನ್ನು ಕೆಲವು ಕಡೆ "ಬರೀ ಒಂಬತ್ತು ಪರ್ಸೆಂಟ್ ರೀ" ಎಂದು ಫ್ಲ್ಯಾಟ್ ರೇಟ್ ಹೇಳುತ್ತಾರೆ. ಅಸಲು ಇಳಿಯುತ್ತ ಹೋದರೂ ಮೊದಲಿನ ಪೂರ್ತಿ ಮೊತ್ತಕ್ಕೇ ಬಡ್ಡಿ ಹಾಕುವ ಪದ್ಧತಿ ಅದು. ಹತ್ತು ವರ್ಷದ ಸಾಲದಲ್ಲಿ ಶೇ. 9 ಫ್ಲ್ಯಾಟ್ ಅಂದರೆ ಬ್ಯಾಂಕಿನ ರೆಡ್ಯೂಸಿಂಗ್ ಲೆಕ್ಕದಲ್ಲಿ, ಉಳಿದ ಅಸಲಿಗೆ ಮಾತ್ರ ಬಡ್ಡಿ ಹಾಕುವ ಲೆಕ್ಕದಲ್ಲಿ, ಸುಮಾರು ಶೇ. 14.5. ದರ ಕೇಳಿದ ಕೂಡಲೇ "ಫ್ಲ್ಯಾಟೋ, ರೆಡ್ಯೂಸಿಂಗೋ?" ಎಂದು ಕೇಳದೆ ಮುಂದೆ ಹೋಗಬೇಡಿ.

ಸಾಲ ಬೇಗ ತೀರಿಸಿ ಅಂದರೆ ನನಗೆ ಎರಡು ಉತ್ತರ ಬರುತ್ತವೆ. ಒಂದು, "ಟ್ಯಾಕ್ಸ್ ಉಳೀತದ್ರೀ ಮೇಡಂ." ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಗೆ ವಿನಾಯಿತಿ ಇದೆ. ಶೇ. 20ರ ಹಂತದಲ್ಲಿ ಇರುವವರಿಗೆ ಸೆಸ್ ಸೇರಿ 41,600 ಉಳಿಯುತ್ತದೆ. ಎರಡು ಲಕ್ಷ ಕೊಟ್ಟು ನಲವತ್ತೊಂದು ಸಾವಿರ ಉಳಿಸುವುದಕ್ಕಾಗಿ ಸಾಲ ಇಟ್ಟುಕೊಳ್ಳುವುದು ಯಾವ ಲೆಕ್ಕ? ಹೊಸ ಪದ್ಧತಿಯಲ್ಲಿ ಆ ವಿನಾಯಿತಿಯೂ ಇಲ್ಲ.

ಇನ್ನೊಂದು ಉತ್ತರಕ್ಕೆ ತೂಕವಿದೆ. ಇವತ್ತಿನ ರೂಪಾಯಿ ನಾಳೆಯ ರೂಪಾಯಿ ಅಲ್ಲ ಅನ್ನುತ್ತಾರೆ. ಒಪ್ಪುತ್ತೇನೆ. ಬೆಲೆಗಳು ವರ್ಷಕ್ಕೆ ಶೇ. 5ರಂತೆ ಏರಿದರೆ ಇಪ್ಪತ್ತನೇ ವರ್ಷ ಕಟ್ಟುವ 26,992 ಈಗಿನ ಹತ್ತು ಸಾವಿರದಷ್ಟೇ ಭಾರ. 64.78 ಲಕ್ಷವನ್ನು ಇವತ್ತಿನ 64.78 ಲಕ್ಷ ಎಂದು ಓದಬಾರದು. ಆದರೆ ಆ ಹಗುರ ಸಿಗುವುದು ಬೆಲೆಯ ಜೊತೆ ಸಂಬಳವೂ ಏರುವವರಿಗೆ. ನನ್ನಂಥ ಸರಕಾರಿ ನೌಕರರಿಗೆ ಡಿಎ (ತುಟ್ಟಿಭತ್ಯೆ) ಇದೆ, 2024ರ ಆಗಸ್ಟ್‌ನಿಂದ ಏಳನೇ ವೇತನ ಆಯೋಗದ ಸಂಬಳವೂ ಬಂತು. ಗಂಜ್‌ನ ದಲ್ಲಾಳಿ ಅಂಗಡಿಯಲ್ಲಿ ಲೆಕ್ಕ ಬರೆಯುವವರಿಗೆ, ಖಾಸಗಿ ಶಾಲೆಯ ಶಿಕ್ಷಕಿಗೆ, ಸೂಪರ್ ಮಾರ್ಕೆಟ್ ಪೇಟೆಯಲ್ಲಿ ಅಂಗಡಿ ಇಟ್ಟವರಿಗೆ ಯಾವ ಆಯೋಗವೂ ಬರುವುದಿಲ್ಲ. ಕಂತು ಅವರಿಗೂ ಅಷ್ಟೇ.

ಹಾಗಾದರೆ ಮಾಡುವುದೇನು? ನಮ್ಮ ಜಿಲ್ಲೆಗೇ ಹೊಂದುವ ಒಂದು ದಾರಿ ನನಗೆ ಕಾಣುತ್ತದೆ. ಕಲಬುರಗಿಯಲ್ಲಿ ನೌಕರಿ ಮಾಡುವ ಎಷ್ಟೋ ಮನೆಗಳಿಗೆ ಆಳಂದ, ಜೇವರ್ಗಿ, ಚಿತ್ತಾಪುರ, ಅಫಜಲಪುರದಲ್ಲಿ ಇನ್ನೂ ಹೊಲ ಇದೆ. ಡಿಸೆಂಬರ್, ಜನವರಿಯಲ್ಲಿ ತೊಗರಿ ಬರುತ್ತದೆ. 2025-26ಕ್ಕೆ ಬೆಂಬಲ ಬೆಲೆ ಕ್ವಿಂಟಲಿಗೆ 8,000. ರಾಶಿಯ ಖರ್ಚು, ಪಾಲು ಎಲ್ಲ ಕಳೆದು ಕೈಗೆ ಬಂದ ಹಣ ಬಂಗಾರಕ್ಕೋ, ಯಾರದೋ ಮದುವೆಯ ಆಹೇರಿಗೋ, ಹೊಸ ಗಾಡಿಗೋ ಹೋಗುತ್ತದೆ. ಆ ಹಣದಿಂದ, ಇಲ್ಲವೇ ಬೋನಸ್, ಅರಿಯರ್ಸ್‌ನಿಂದ ವರ್ಷಕ್ಕೊಮ್ಮೆ 1 ಲಕ್ಷವನ್ನು ಅಸಲಿಗೆ ಕಟ್ಟಿದರೆ ನಾನು ಮೊದಲು ಹೇಳಿದ 20 ವರ್ಷದ ಸಾಲ 11 ವರ್ಷ 8 ತಿಂಗಳಿಗೆ ಮುಗಿಯುತ್ತದೆ. ಉಳಿತಾಯವಾಗುವ ಬಡ್ಡಿ ಸುಮಾರು 16 ಲಕ್ಷ. 50 ಸಾವಿರವೇ ಆದರೂ ಹದಿನಾಲ್ಕೂವರೆ ವರ್ಷಕ್ಕೆ ಮುಗಿಯುತ್ತದೆ. ತೊಗರಿಗೆ ನೆಟೆ ರೋಗ ಬಂದ ವರ್ಷ, ಮಳೆ ಕೈಕೊಟ್ಟ ವರ್ಷ ಬಿಡಿ, ಯಾರೂ ಕೇಳುವುದಿಲ್ಲ. ಮೊದಲ ವರ್ಷಗಳಲ್ಲಿ ಕಟ್ಟಿದ್ದಕ್ಕೆ ಲಾಭ ಹೆಚ್ಚು, ಇದನ್ನು ನೆನಪಿಡಿ.

ಕಟ್ಟುವಾಗ "ಕಂತು ಹಾಗೇ ಇರಲಿ, ಅವಧಿ ಇಳಿಸಿ" ಎಂದು ಬರೆದುಕೊಡಿ, ಸೀಲು ಹಾಕಿಸಿದ ಪ್ರತಿ ಇಟ್ಟುಕೊಳ್ಳಿ. ಫ್ಲೋಟಿಂಗ್ ದರದ ಗೃಹಸಾಲವನ್ನು ಮೊದಲೇ ತೀರಿಸುವ ವ್ಯಕ್ತಿಗಳಿಂದ ಬ್ಯಾಂಕ್ ದಂಡ ಹಿಡಿಯುವಂತಿಲ್ಲ, 2012ರಿಂದಲೇ ಈ ನಿಯಮವಿದೆ. ಆಸ್ಪತ್ರೆ, ನೌಕರಿ ಹೋಗುವುದು ಇಂಥದ್ದಕ್ಕೆ ಆರು ತಿಂಗಳ ಖರ್ಚನ್ನು ಮೊದಲು ತೆಗೆದಿಡಬೇಕು. ಅದರಾಚೆ ಎಫ್‌ಡಿಯಲ್ಲಿ ಹಣ ಮಲಗಿಸಿ ಅದಕ್ಕಿಂತ ಹೆಚ್ಚಿನ ಬಡ್ಡಿಗೆ ಸಾಲ ಕಟ್ಟುತ್ತಿರುವ ಮನೆಗಳನ್ನು ನೋಡಿದರೆ ನನಗೆ ನಿಜಕ್ಕೂ ಸಂಕಟವಾಗುತ್ತದೆ. ಎಫ್‌ಡಿ ಬಡ್ಡಿಗೆ ತೆರಿಗೆಯೂ ಬೀಳುತ್ತದೆ. ಬಂಗಾರ ಅದಕ್ಕಿಂತ ಹೆಚ್ಚು ಬೆಳೆದಿದೆಯಲ್ಲ ಎಂದು ನಮ್ಮ ಅತ್ತೆಯವರು ವಾದ ಮಾಡುತ್ತಾರೆ, ಇತ್ತೀಚಿನ ವರ್ಷಗಳ ಮಟ್ಟಿಗೆ ಅವರ ಮಾತು ನಿಜ. ಮುಂದೆಯೂ ಹಾಗೇ ಎಂದು ಯಾರೂ ಬರೆದುಕೊಟ್ಟಿಲ್ಲ, ಬ್ಯಾಂಕ್ ಮಾತ್ರ ತನ್ನ ಬಡ್ಡಿಯನ್ನು ಬರೆಸಿಕೊಂಡಿದೆ.

ಸಾಲ ಮುಗಿದ ಮೇಲೆ 30 ದಿನದೊಳಗೆ ಮೂಲ ಕಾಗದಪತ್ರ ವಾಪಸು ಕೊಡಬೇಕು. ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ, 2023ರ ಡಿಸೆಂಬರ್ 1ರಿಂದ ಹೀಗಿದೆ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡಮಾನ ರದ್ದು ಮಾಡಿಸಿ ಇಸಿ (ಆಸ್ತಿಯ ಮೇಲಿನ ಋಣಭಾರ ತೋರಿಸುವ ಪ್ರಮಾಣಪತ್ರ) ತೆಗೆಸಿ ನೋಡುವವರೆಗೆ ಕೆಲಸ ಪೂರ್ತಿ ಆದಂತಲ್ಲ.

ಈಗ ಸಾಲಕ್ಕೆ ಅರ್ಜಿ ಹಾಕುತ್ತಿರುವವರಿಗೆ ಮುಖ್ಯವಾದ ಮಾತು. 2024ರ ಅಕ್ಟೋಬರ್ 1ರಿಂದ ಹೊಸ ಗೃಹಸಾಲಗಳಿಗೆ ಮುಖ್ಯಾಂಶಗಳ ಹಾಳೆ, ಬ್ಯಾಂಕಿನವರ ಬಾಯಲ್ಲಿ ಕೆಎಫ್‌ಎಸ್, ಕೊಡಲೇಬೇಕು. ಶುಲ್ಕ ಎಲ್ಲ ಸೇರಿದ ನಿಜವಾದ ವಾರ್ಷಿಕ ದರ, ತಿಂಗಳ ತಿಂಗಳ ಅಸಲು ಬಡ್ಡಿಯ ಪಟ್ಟಿ ಅದರಲ್ಲಿರಬೇಕು. ಯೋಚಿಸಲು ಕನಿಷ್ಠ ಮೂರು ಕೆಲಸದ ದಿನ ಸಿಗಬೇಕು. ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಅದು ಬರೆದಿರಬೇಕು, ಅವನಿಗೆ ವಿವರಿಸಿ ಹೇಳಬೇಕು ಎಂಬುದೂ ಆ ನಿಯಮದಲ್ಲೇ ಇದೆ. ನಮ್ಮ ಊರಿನ ಶಾಖೆಗಳಲ್ಲಿ ಅದನ್ನು ಕನ್ನಡದಲ್ಲಿ ಕೇಳಿ, ಉರ್ದು ಓದುವವರು ಉರ್ದುವಿನಲ್ಲಿ ಕೇಳಲಿ, ಬೀದರ್ ಕಡೆಯ ಮರಾಠಿಯವರು ಮರಾಠಿಯಲ್ಲಿ ಕೇಳಲಿ. ಬಾಯಿಮಾತಿಗೆ ಇಲ್ಲ ಅಂದರೆ ಲಿಖಿತವಾಗಿ ದೂರು ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. 30 ದಿನದಲ್ಲಿ ಉತ್ತರ ಬಾರದಿದ್ದರೆ ರಿಸರ್ವ್ ಬ್ಯಾಂಕಿನ ದೂರು ವಿಚಾರಿಸುವ ಅಧಿಕಾರಿ ಓಂಬುಡ್ಸ್‌ಮನ್‌ಗೆ ಆನ್‌ಲೈನ್‌ನಲ್ಲೇ, ಖರ್ಚಿಲ್ಲದೆ ದೂರು ಹಾಕಬಹುದು. ಅರ್ಜಿ ಬರೆಯಲು ಯಾರಿಗಾದರೂ ತೊಡಕಾದರೆ ಇನ್‌ಬಾಕ್ಸಿಗೆ ಬನ್ನಿ, ಕೂತು ಬರೆಯೋಣ.