ಸತ್ಯಾಂಶ: ಸಿನಿಮಾ ಚಲಿಸುವುದು ಕಣ್ಣಿನಲ್ಲಲ್ಲ

‘ಕಣ್ಣು ಪ್ರತಿ ಚಿತ್ರವನ್ನೂ 1/16 ಸೆಕೆಂಡ್ ಹಿಡಿದಿಡುತ್ತದೆ, ಅದಕ್ಕೇ ಸಿನಿಮಾ ಚಲಿಸುತ್ತದೆ’ ಎಂಬ ಫಾರ್ವರ್ಡ್ ನಮ್ಮ ಶಿವಮೊಗ್ಗ, ಸಾಗರದ ವಾಟ್ಸ್‌ಆ್ಯಪ್ ಗುಂಪುಗಳಿಗೂ ಬರುತ್ತಿರುತ್ತದೆ. ಇದು ಸರಿಯಲ್ಲ. ಹಿಂದಿನ ಚಿತ್ರ ಕಣ್ಣಲ್ಲೇ ಉಳಿದಿದ್ದರೆ ಒಂದರ ಮೇಲೊಂದು ಬಿದ್ದು ಎಲ್ಲ ಕಲಸಿಹೋಗಬೇಕಿತ್ತು. ಸ್ಥಿರ ಚಿತ್ರಗಳ ನಡುವೆ ಚಲನೆಯನ್ನು ಹೊಸೆಯುವುದು ಮಿದುಳು. ಮನೋವಿಜ್ಞಾನಿ ಮ್ಯಾಕ್ಸ್ ವರ್ಟೈಮರ್ ಈ ಕುರಿತ ಪ್ರಯೋಗಗಳನ್ನು 1912ರಲ್ಲೇ ಪ್ರಕಟಿಸಿದ್ದ.

ನೋಟ್‌ಬುಕ್ಕಿನ 24 ಹಾಳೆಗಳ ಅಂಚಿನಲ್ಲಿ ಒಂದೊಂದು ಅಡಿಕೆಯ ಚಿತ್ರ ಬರೆಯಿರಿ, ಪ್ರತಿ ಹಾಳೆಗೂ 3 ಮಿ.ಮೀ. ಕೆಳಗೆ. ಹೆಬ್ಬೆರಳಿನಿಂದ ಎರಡು ಸೆಕೆಂಡಿನಲ್ಲಿ ಸರ್ರನೆ ಬಿಟ್ಟರೆ ಅಡಿಕೆ ಉದುರುತ್ತದೆ. ಅಂತರ ತೀರಾ ಹೆಚ್ಚಾದರೆ ಉದುರುವುದಿಲ್ಲ, ಕುಪ್ಪಳಿಸುತ್ತದೆ. ಎರಡು ಹಾಳೆಗಳ ಅಡಿಕೆ ಒಂದೇ ವಸ್ತುವೆಂದು ಮಿದುಳು ನಂಬುವುದಿಲ್ಲ. (ಮಳೆಗಾಲದಲ್ಲಿ ಹಾಳೆ ತೇವಕ್ಕೆ ಅಂಟಿಕೊಂಡರೂ ಇದೇ ಗತಿ.)

ಹಾರುವ ಬಾಣ ಪ್ರತಿ ಕ್ಷಣವೂ ನಿಂತೇ ಇದ್ದರೆ ಚಲನೆ ಎಲ್ಲಿದೆ ಎಂದು ಗ್ರೀಕ್ ಚಿಂತಕ ಜೀನೋ ಕೇಳಿದ್ದ. ಪ್ರಯೋಗಶೀಲ ಸಿನಿಮಾ ಈ ಪ್ರಶ್ನೆಯನ್ನು ಪರದೆಗೇ ತಂದಿತು. ಅಮೆರಿಕದ ಚಿತ್ರನಿರ್ದೇಶಕ ಟೋನಿ ಕಾನ್ರಾಡ್ 1966ರ ‘ದ ಫ್ಲಿಕರ್’ ಚಿತ್ರವನ್ನು ಬಹುಪಾಲು ಬರೀ ಕಪ್ಪು, ಬಿಳಿ ಫ್ರೇಮ್‌ಗಳಲ್ಲೇ ಕಟ್ಟಿದ. ಆದರೂ ನೋಡುಗರಿಗೆ ಬಣ್ಣ, ಆಕೃತಿಗಳು ಕಾಣುತ್ತವೆ. ಮೂರ್ಛೆರೋಗ ಇರುವವರು ಮಾತ್ರ ಇದನ್ನು ನೋಡಬಾರದು, ಚಿತ್ರದ ಆರಂಭದಲ್ಲೇ ಎಚ್ಚರಿಕೆ ಇದೆ.