"ಇದರ ಅರ್ಥ ಏನು ಸರ್?"

ನಿನ್ನೆ ಸಂಜೆಯ ಸಿಟ್ಟು ಇನ್ನೂ ಇಳಿದಿಲ್ಲ. ಬರೆದಾದರೂ ಇಳಿಸಿಕೊಳ್ಳೋಣ ಅಂತ ಕೂತಿದ್ದೇನೆ.

ಗೆಳೆಯರೊಬ್ಬರು ಸಾಕ್ಷ್ಯಚಿತ್ರ ನಿರ್ದೇಶಕ ಪ್ರಮೋದ್ ಪತಿ ಅವರ ಕಿರುಚಿತ್ರಗಳನ್ನು ತೋರಿಸಿದರು. 'ಎಕ್ಸ್‌ಪ್ಲೋರರ್' (1968) ಶುರುವಾಗಿ ಎರಡು ನಿಮಿಷ ಆಗಿರಲಿಲ್ಲ, ಹಿಂದಿನ ಸಾಲಿನಲ್ಲಿ ಗುಸುಗುಸು. "ಕಾಮೆಂಟರಿನೇ ಇಲ್ವಲ್ಲ, ಸೌಂಡ್ ಹೋಯ್ತಾ?" ಸೌಂಡ್ ಇತ್ತು ಸ್ವಾಮಿ, ಕಿವಿ ತೂತಾಗುವಷ್ಟಿತ್ತು. ಕುಣಿಯುವ ಹುಡುಗ ಹುಡುಗಿಯರು, ಮಂತ್ರ, ವಿಜ್ಞಾನ, ಎಲ್ಲ ಒಂದರ ಮೇಲೊಂದು ಬಂದು ಬಡಿಯುತ್ತವೆ. ಇಲ್ಲದ್ದು ಒಂದೇ. "ಭಾರತದ ಯುವಜನತೆ ಇಂದು..." ಅಂತ ಗಡಸು ದನಿಯಲ್ಲಿ ಪಾಠ ಹೇಳುವ ಆಸಾಮಿ.

ಮುಗಿದ ಮೇಲೆ ಮೈಕ್ ಹಿಡಿದು ಅದೇ ಪ್ರಶ್ನೆ: "ನಿರ್ದೇಶಕರು ಏನು ಹೇಳೋಕೆ ಹೊರಟಿದ್ದಾರೆ?" ತನಿ ಆವರ್ತನ ಮುಗಿದ ಮೇಲೆ ಮೃದಂಗದವರ ಹತ್ತಿರ ಹೋಗಿ ಸಾರಾಂಶ ಕೇಳ್ತೀವಾ? ಸಾಕ್ಷ್ಯಚಿತ್ರಕ್ಕೆ ಮಾತ್ರ ಯಾಕೆ ಈ ಶಿಕ್ಷೆ? ಹದಿನೈದು ವರ್ಷ ಇಂಥ ಕಾಮೆಂಟರಿ ಬರೆದೇ ಹೊಟ್ಟೆ ಹೊರೆದವನು ನಾನು, ನಿಮಗೆ ಗೊತ್ತು. ಉರಿ ಜಾಸ್ತಿ ಆಗೋದು ಅದಕ್ಕೇ.

ಪತಿ ಒಡಿಶಾದವರು. ಜೆಕೊಸ್ಲೊವಾಕಿಯಾಗೆ ಹೋಗಿ ಬೊಂಬೆ ಅನಿಮೇಷನ್ ಕಲಿತರು, ಮುಂಬಯಿಯ ಫಿಲ್ಮ್ಸ್ ಡಿವಿಷನ್ನಿನಲ್ಲಿ, ಅಂದರೆ ಕೇಂದ್ರ ಸರ್ಕಾರದ ಸಾಕ್ಷ್ಯಚಿತ್ರ ಸಂಸ್ಥೆಯಲ್ಲಿ, ಕೆಲಸ ಮಾಡಿದರು. ಬೊಂಬೆ ಆಡಿಸೋದು ಕಲಿತ ಮನುಷ್ಯ ಆಮೇಲೆ ಮನುಷ್ಯರನ್ನೇ ಬೊಂಬೆ ಮಾಡಿಬಿಟ್ಟರು. 'ಆಬಿದ್' (1972) ನೋಡಿ. ಕಲಾವಿದ ಆಬಿದ್ ಸುರ್ತಿ ಒಂದು ಕೋಣೆಗೆ ಬಣ್ಣ ಬಳಿಯುತ್ತಾರೆ, ಅಷ್ಟೇ. ಆದರೆ ಆ ಚಲನೆ! ಪಿಕ್ಸಿಲೇಶನ್ ಅಂತಾರೆ. ಆಸಾಮಿ ಅಲ್ಲಾಡದೆ ನಿಲ್ಲಬೇಕು, ಒಂದು ಫ್ರೇಮ್ ತೆಗೀಬೇಕು. ಚೂರು ಸರಿಯಬೇಕು, ಇನ್ನೊಂದು ಫ್ರೇಮ್. ತೆರೆಯ ಮೇಲೆ ಒಂದು ಸೆಕೆಂಡಿಗೆ 24 ಫ್ರೇಮ್. ಬೆನ್ನುನೋವಿನ ಲೆಕ್ಕ ನೀವೇ ಹಾಕಿ. ಇಷ್ಟೆಲ್ಲ ಮಾಡಿದವರು 1975ರಲ್ಲಿ ತೀರಿಕೊಂಡರು. ವಯಸ್ಸು 50 ಕೂಡ ಆಗಿರಲಿಲ್ಲ.

"ಅದು ಸರ್ಕಾರದ ದುಡ್ಡು, ಜನಕ್ಕೆ ಅರ್ಥ ಆಗ್ಬೇಕಲ್ವಾ?" ಅಂದರು ಒಬ್ಬರು. ಒಪ್ಪೋಣ, ಎರಡು ನಿಮಿಷ. ಪತಿ ಸರ್ಕಾರದ ಪ್ರಚಾರದ ಕೆಲಸವನ್ನೂ ಮಾಡಿದ್ದಾರೆ. 'ಕ್ಲಾಕ್ಸ್‌ಪ್ಲೋಷನ್' (1968) ಕುಟುಂಬ ಯೋಜನೆಯ ಚಿತ್ರವೇ. ಅಲ್ಲೂ ಇದೇ ಆಟ ಆಡಿದ್ದಾರೆ, ಪುಣ್ಯಾತ್ಮ. ಇನ್ನು ಬಿಡಿಸಿ ಬಿಡಿಸಿ ಹೇಳಿದ ಆ ನೂರಾರು ರೀಲುಗಳನ್ನು ಯಾರು ನೋಡಿದರು ಅಂತ?

ನಾನಂತೂ ನೋಡಲಿಲ್ಲ. ಥಿಯೇಟರಿನಲ್ಲಿ ಪಿಕ್ಚರ್‌ಗೆ ಮುಂಚೆ ಫಿಲ್ಮ್ಸ್ ಡಿವಿಷನ್ ರೀಲು ಹಾಕಲೇಬೇಕು ಅಂತ ನಿಯಮ ಇತ್ತಲ್ಲ, ಆ ಹೊತ್ತಿಗೆ ನಾವು ಹುಡುಗರೆಲ್ಲ ಹೊರಗೆ ಕಡಲೆಕಾಯಿ ತಿನ್ನುತ್ತ ನಿಂತಿರುತ್ತಿದ್ದೆವು. ಬಾಗಿಲ ಪರದೆ ಸರಿಸಿ "ಮುಗೀತೇನೋ" ಅಂತ ನೋಡಿ ಬರೋದು ಒಬ್ಬನ ಡ್ಯೂಟಿ. ಆ ಪರದೆಯಾಚೆ ಯಾವತ್ತೋ ಒಂದು ದಿನ 'ಆಬಿದ್' ಕೂಡ ಓಡಿರಬಹುದು. ನಾನು ಸಿಪ್ಪೆ ಬಿಡಿಸುತ್ತಿದ್ದೆ.